ಫೈಲ್ ಇತ್ತು, ಪಟ್ಟಿಯಲ್ಲಿ ಇರಲಿಲ್ಲ

ರಾತ್ರಿ 11 ಗಂಟೆ, ಕುವೆಂಪುನಗರದ ರೂಮು. 8 ಗಂಟೆಯಿಂದ ಒಂದು ಪ್ರೋಗ್ರಾಂ ಓಡಿಸೋಕೆ ಹೋದ್ರೆ ಒಂದೇ ಎರರ್: ಶೇರ್ಡ್ ಲೈಬ್ರರಿ (ಹಲವು ಪ್ರೋಗ್ರಾಂಗಳು ಹಂಚಿಕೊಳ್ಳೋ ಕೋಡ್ ಫೈಲು) ಸಿಗ್ತಿಲ್ಲ. ಫೈಲು ಕಣ್ಣೆದುರಿಗೇ ಇದೆ, ಯುಎಸ್‌ಆರ್ ಲೋಕಲ್ ಲಿಬ್ ಫೋಲ್ಡರಲ್ಲಿ! ಎಲ್‌ಡಿಡಿ ಕಮಾಂಡ್ (ಪ್ರೋಗ್ರಾಂಗೆ ಬೇಕಾದ ಲೈಬ್ರರಿಗಳು ಎಲ್ಲೆಲ್ಲಿವೆ ಅಂತ ತೋರಿಸುತ್ತೆ) ಹಾಕಿದ್ರೆ ಆ ಒಂದು ಲೈಬ್ರರಿಯ ಸಾಲಿನ ಮುಂದೆ ಮಾತ್ರ 'ನಾಟ್ ಫೌಂಡ್'.

ಲೈಬ್ರರಿ ಹುಡುಕಿ ಪ್ರೋಗ್ರಾಂಗೆ ಜೋಡಿಸೋ ಲಿನಕ್ಸ್ ಲೋಡರ್ ಡಿಸ್ಕೆಲ್ಲಾ ತಡಕಾಡಲ್ಲ. ನಾವು ಬೇರೆ ದಾರಿ ತೋರಿಸದಿದ್ರೆ ಮೊದಲೇ ಬರೆದಿಟ್ಟ ತನ್ನ ಕ್ಯಾಶ್ ಪಟ್ಟಿ, ಮಾಮೂಲಿ ಒಂದೆರಡು ಫೋಲ್ಡರ್ ನೋಡುತ್ತೆ, ಅಷ್ಟೆ. ನನ್ನ ಲಿನಕ್ಸ್ ಆದ ಉಬುಂಟುವಿನಲ್ಲಿ ಸುಡೋ (ಅಡ್ಮಿನ್ ಅಧಿಕಾರ) ಹಾಕಿ ಎಲ್‌ಡಿಕಾನ್ಫಿಗ್ ಓಡಿಸಿದೆ, ಪಟ್ಟಿ ಹೊಸದಾಯ್ತು, ಆ ಫೈಲೂ ಅದರಲ್ಲಿ ಸೇರ್ತು. ಪ್ರೋಗ್ರಾಂ ಒಂದೇ ಸಲಕ್ಕೆ ಎದ್ದಿತು. ಎಷ್ಟು ಖುಷಿ ಆಯ್ತು ಗೊತ್ತಾ!

ಹೋದ ತಿಂಗಳು ಮಂಡ್ಯದಿಂದ ಅವ್ವ ಕೊಟ್ಟು ಕಳಿಸಿದ ಬೆಲ್ಲದ ಡಬ್ಬ ಹಳೇ ರೂಮಿಗೆ ಹೋಗಿ ವಾಪಸ್ಸಾಗಿತ್ತು. ನಾನಿದ್ದದ್ದು ಎರಡೇ ಬೀದಿ ಆಚೆ. ಹೊಸ ಬಾಗಿಲ ನಂಬರು ಅವ್ವನ ಡೈರಿಗೆ ಇನ್ನೂ ಬರೆಸಿಲ್ಲ. ಬೆಳಿಗ್ಗೆ ಎದ್ದ ತಕ್ಷಣ ಫೋನ್ ಮಾಡ್ಬೇಕು.