ಕೂತುಪರಂಬದಲ್ಲಿ ಒಂದು ಗಂಟೆ

ಹೊರಟಿದ್ದು ಕೇರಳದ ಮುಳಪ್ಪಿಲಂಗಾಡ್ ಬೀಚಿಗೆ. ವಿರಾಜಪೇಟೆಯಿಂದ ಮಾಕುಟ್ಟ ಘಾಟಿ ಇಳಿದು, ಇರಿಟ್ಟಿ, ಮಟ್ಟನ್ನೂರು ದಾಟಿ ತಲಶ್ಶೇರಿ ಕಡೆಗೆ. ಬೀಚು ಚೆನ್ನಾಗಿದೆ, ಮರಳಿನ ಮೇಲೇ ಕಾರು ಓಡಿಸಬಹುದು. ಆದರೆ ಮನಸ್ಸಲ್ಲಿ ಉಳಿದಿದ್ದು ದಾರಿಯಲ್ಲಿ ಸಿಕ್ಕ ಕೂತುಪರಂಬ.

ಐದು ನಿಮಿಷ ನಿಲ್ಲುತ್ತೆ ಅಂದ ಕಂಡಕ್ಟರ್ ಮಾತು ನಂಬಿ ಟೀ ಕುಡಿಯೋಕೆ ಇಳಿದೆ. ನೋಡ್ತಾ ಇದ್ದಂತೆ ಬಸ್ ಹೊರಟೇ ಹೋಯಿತು. ಟಿಕೆಟ್ ಹಿಂದೆ ಬರೆದುಕೊಟ್ಟಿದ್ದ 140 ರೂಪಾಯಿ ಚಿಲ್ಲರೆಯೂ ಹೋಯಿತು. ಈ ದಾರಿಯಲ್ಲಿ ಬರುವವರು ದಯವಿಟ್ಟು ಚಿಲ್ಲರೆ ಇಟ್ಟುಕೊಂಡೇ ಬಸ್ ಹತ್ತಿ.

ಟೀ ಅಂಗಡಿಯ ಗೋಡೆ ಮೇಲೆ ಐದು ಹುಡುಗರ ಫೋಟೊ. ಪಕ್ಕದಲ್ಲಿ ಬಿಳಿ ಬಾವುಟ, ಅದರಲ್ಲೊಂದು ಕೆಂಪು ನಕ್ಷತ್ರ.

"ಯಾವ ಪಕ್ಷದ್ದಣ್ಣ ಇದು?"

"ಪಕ್ಷದ್ದು ಕೆಂಪು ಬಾವುಟ ಸಾರ್. ಇದು ಡಿವೈಎಫ್‌ಐದು." ಕನ್ನಡದಲ್ಲೇ ಹೇಳಿದರು. ಬೆಂಗಳೂರಿನ ಬೇಕರಿಯಲ್ಲಿ ಹನ್ನೆರಡು ವರ್ಷ ದುಡಿದವರಂತೆ.

ಸಿಪಿಎಂ ಜೊತೆಗಿರುವ ಯುವಜನ ಸಂಘಟನೆ ಅದು. ಕೇರಳದಲ್ಲಿ ಮೊದಲು ಕೆಎಸ್‌ವೈಎಫ್ ಅಂತ ಇತ್ತು. 1980ರ ನವೆಂಬರ್‌ನಲ್ಲಿ ಲೂಧಿಯಾನದಲ್ಲಿ ಬೇರೆ ಬೇರೆ ರಾಜ್ಯಗಳ ಸಂಘಟನೆಗಳು ಸೇರಿ ಡಿವೈಎಫ್‌ಐ ಆಯಿತು. ಮೊದಲ ಅಧ್ಯಕ್ಷ ಇದೇ ಕಣ್ಣೂರು ಜಿಲ್ಲೆಯ ಇ.ಪಿ. ಜಯರಾಜನ್.

ಫೋಟೊದಲ್ಲಿದ್ದವರು ರಾಜೀವನ್, ರೋಶನ್, ಮಧು, ಶಿಬುಲಾಲ್, ಬಾಬು. 1994ರ ನವೆಂಬರ್ 25ರಂದು ಇದೇ ಊರಲ್ಲಿ ಪೊಲೀಸರ ಗುಂಡಿಗೆ ಸತ್ತವರು. ಸರ್ಕಾರದ ನೆಲ, ದುಡ್ಡು ಹಾಕಿದ ಪರಿಯಾರಂ ಮೆಡಿಕಲ್ ಕಾಲೇಜನ್ನು ಖಾಸಗಿ ಕೈಗೆ ಕೊಡ್ತಿದ್ದಾರೆ ಅನ್ನೋದು ಹುಡುಗರ ಸಿಟ್ಟು. ಅವತ್ತು ಸಹಕಾರ ಮಂತ್ರಿ ಎಂ.ವಿ. ರಾಘವನ್ ಇಲ್ಲಿಗೆ ಬಂದಿದ್ದರು. ಅವರಿಗೆ ಕಪ್ಪು ಬಾವುಟ ತೋರಿಸಲು ಇವರು ಸೇರಿದ್ದರು. ಆ ಕಾಲೇಜು ಈಗ ಸರ್ಕಾರದ್ದೇ.

"ಸಾರ್ ಯಾವೂರು?"

"ಮೈಸೂರು."

ಅವರು ಲೋಟ ತೊಳೆಯೋದು ನಿಲ್ಲಿಸಿದರು. "ನಮ್ಮ ಪುಷ್ಪನ್ ಅಲ್ಲೇ ಇದ್ದ. ದಿನಸಿ ಅಂಗಡೀಲಿ. ಆಮೇಲೆ ಬೆಂಗಳೂರು. ರಜೆಗೆ ಊರಿಗೆ ಬಂದಿದ್ದ ಸಾರ್."

ಎಂಟನೇ ಕ್ಲಾಸಿಗೆ ಓದು ಬಿಟ್ಟ ಹುಡುಗ. ರಜೆಗೆ ಬಂದವನು ಅವತ್ತು ಪ್ರತಿಭಟನೆಗೆ ಹೋದ. ಗುಂಡು ಬೆನ್ನುಹುರಿಗೆ ಬಿತ್ತು. ಆಗ ವಯಸ್ಸು 24. ಕತ್ತಿನಿಂದ ಕೆಳಗೆ ಸ್ವಾಧೀನವಿಲ್ಲದೆ 30 ವರ್ಷ ಮಲಗಿದ್ದು, 2024ರ ಸೆಪ್ಟೆಂಬರ್ 28ರಂದು ತೀರಿಕೊಂಡರು. ಅಷ್ಟು ವರ್ಷವೂ ಸಂಗಾತಿಗಳು ಮನೆಗೆ ಬರ್ತಾನೇ ಇದ್ದರು.

ನನಗೆ ಟೀ ಗಂಟಲಲ್ಲಿ ಇಳಿಯಲಿಲ್ಲ. ಮೈಸೂರಲ್ಲಿ ಎಷ್ಟೊಂದು ಮಲಯಾಳಿ ಹುಡುಗರ ಕೈಯಿಂದ ಅರ್ಧ ಕೆಜಿ ಸಕ್ಕರೆ ಕಟ್ಟಿಸಿಕೊಂಡಿದ್ದೇನೆ. ನಿಮ್ಮೂರು ಯಾವುದಪ್ಪಾ ಅಂತ ಒಬ್ಬರನ್ನೂ ಕೇಳಿಲ್ಲ.

ಇಲ್ಲಿ ಹುತಾತ್ಮರಿಗೆ 'ರಕ್ತಸಾಕ್ಷಿ' ಅಂತಾರೆ. ನಮ್ಮ ಪದಕ್ಕಿಂತ ಇದೇ ನನಗೆ ಜಾಸ್ತಿ ಹಿಡಿಸಿತು.

ಒಳಗೆ ಅಂಗಡಿಯವರ ಹೆಂಡತಿ ಬಾಳೆಲೆಯನ್ನು ಬೆಂಕಿಗೆ ಹಿಡಿದು ಬಾಡಿಸುತ್ತಿದ್ದರು. ಎಲೆ ತುಂಬ ಕುಸುಬಲಕ್ಕಿ ಅನ್ನ, ಪಲ್ಯ, ಮೇಲೊಂದು ಆಮ್ಲೆಟ್. ಮಡಿಸಿ, ಪೇಪರ್ ಸುತ್ತಿ, ದಾರ ಕಟ್ಟಿದರು. ಇದೇ ಪೊದಿಚೋರ್. ಡಿವೈಎಫ್‌ಐ ಹುಡುಗರು ಮನೆಮನೆಯಿಂದ ತಗೊಂಡು ಹೋಗಿ ಆಸ್ಪತ್ರೆಯಲ್ಲಿ ರೋಗಿಗಳಿಗೆ, ಅವರ ಜೊತೆ ಇರುವವರಿಗೆ ಹಂಚುತ್ತಾರೆ.

"ಯಾರಿಗೆ ಸಿಗುತ್ತೆ ಅಂತ ಗೊತ್ತಾಗುತ್ತಾ ಅಕ್ಕ?"

ಅಣ್ಣ ಮಲಯಾಳಂನಲ್ಲಿ ಕೇಳಿ ಹೇಳಿದರು, "ಗೊತ್ತಾಗಲ್ವಂತೆ. ಅದಕ್ಕೇ ಖಾರ ಕಮ್ಮಿ ಹಾಕ್ತಾಳೆ."

ತಲಶ್ಶೇರಿ ಬಸ್ ಬಂದಾಗ ಅವರು ನಾಲ್ಕನೇ ಎಲೆ ಮಡಿಸುತ್ತಿದ್ದರು.