ಮಾಪಾಚೆಯಾಗುವ ಮೊದಲು ಆತ ಏನಾಗಿದ್ದ

ಆಗಸ್ಟ್ 7, 2025, ಗುರುವಾರ

ಮೆಕ್ಸಿಕೋದ ಸಿನಿಮಾ ನಿರ್ದೇಶಕ, ನಟ ಎಮಿಲಿಯೋ ಫೆರ್ನಾಂಡೆಸ್ ತೀರಿಕೊಂಡು ನಿನ್ನೆಗೆ 39 ವರ್ಷ. ಆ ನೆಪದಲ್ಲಿ ರಾತ್ರಿ ಅವನು ನಿರ್ದೇಶಿಸಿದ ‘ಮರಿಯಾ ಕಾಂದೆಲಾರಿಯಾ’ ಇನ್ನೊಮ್ಮೆ ಹಾಕಿಕೊಂಡು ಕೂತೆ. ಮುಗಿಯುವಾಗ ಹನ್ನೆರಡು ಹೊಡೆದಿತ್ತು. ಇವತ್ತು ಆಫೀಸಿನಲ್ಲಿ ಆಕಳಿಸಿದ್ದೇ ಕೆಲಸ.

ನಮ್ಮಲ್ಲಿ ಇವನ ಹೆಸರು ಕೇಳಿದವರು ಕಡಿಮೆ, ಮುಖ ನೋಡಿದವರು ಜಾಸ್ತಿ. ಸ್ಯಾಮ್ ಪೆಕಿನ್‌ಪಾನ ‘ದಿ ವೈಲ್ಡ್ ಬಂಚ್’ (1969) ನೋಡಿದ್ದರೆ ನೆನಪಿರುತ್ತದೆ. ಏಂಜೆಲ್ ಎಂಬ ಹುಡುಗನನ್ನು ಕಾರಿನ ಹಿಂದೆ ಕಟ್ಟಿ ಎಳೆಸುವ ದಪ್ಪ ಮೀಸೆಯ ಜನರಲ್ ಮಾಪಾಚೆ ಇವನೇ. ಹಾಲಿವುಡ್‌ಗೆ ಇವನು ಬರೀ ಒಬ್ಬ ಕ್ರೂರ ಮೆಕ್ಸಿಕನ್. ಮೆಕ್ಸಿಕೋಗೆ ಮಾತ್ರ ಇವನು ‘ಎಲ್ ಇಂದಿಯೋ’ (ಮೂಲನಿವಾಸಿ), ಆ ದೇಶದ ಸಿನಿಮಾಕ್ಕೆ ಒಂದು ಮುಖ ಕೊಟ್ಟವನು.

1904ರಲ್ಲಿ ಕೊವಾವಿಲಾ ರಾಜ್ಯದಲ್ಲಿ ಹುಟ್ಟಿದ. ತಾಯಿ ಕಿಕಾಪೂ ಬುಡಕಟ್ಟಿನವಳು. 1923ರಲ್ಲಿ ಮೆಕ್ಸಿಕೋ ಸರ್ಕಾರದ ವಿರುದ್ಧ ಎದ್ದ ಅದೋಲ್ಫೋ ದೆ ಲಾ ವೆರ್ತಾ ಬಂಡಾಯದಲ್ಲಿ ಸೋತ ಕಡೆ ಇದ್ದ, ಜೈಲು ಸೇರಿದ, ತಪ್ಪಿಸಿಕೊಂಡು ಅಮೆರಿಕಕ್ಕೆ ಓಡಿದ. ಹಾಲಿವುಡ್‌ನಲ್ಲಿ ಗುಂಪಿನಲ್ಲೊಬ್ಬನಾಗಿ ನಿಲ್ಲುವ ಎಕ್ಸ್‌ಟ್ರಾ ಪಾತ್ರಗಳು ಸಿಕ್ಕವು. ಆಸ್ಕರ್ ಪ್ರತಿಮೆಗೆ ಬೆತ್ತಲೆ ಮಾಡೆಲ್ ಆಗಿ ನಿಂತವನು ಇವನೇ ಅಂತ ಒಂದು ಕಥೆಯಿದೆ. ಕೇಳೋಕೆ ಮಜಾ, ನಂಬೋಕೆ ಕಷ್ಟ.

ಕ್ಷಮಾದಾನ ಸಿಕ್ಕಮೇಲೆ ಊರಿಗೆ ಬಂದ. 1935ರ ‘ಜಾನಿತ್ಸಿಯೋ’ದಲ್ಲಿ ನಾಯಕನಾದ. ಪಾತ್ಸ್‌ಕ್ವಾರೋ ಸರೋವರದ ದ್ವೀಪವೊಂದರ ಬಡ ಮೀನುಗಾರನ ಪಾತ್ರ. ಅವನು ಪ್ರೀತಿಸುವ ಹುಡುಗಿಯ ಮೇಲೆ ಊರಿಗೆ ಊರೇ ಮುಗಿಬೀಳುತ್ತದೆ. ನನಗೆ ಅನ್ನಿಸೋದು ಇಷ್ಟು: ಆ ಪಾತ್ರ ಇವನನ್ನು ಆಮೇಲೆ ಬಿಡಲೇ ಇಲ್ಲ. 1940ರ ದಶಕದ ಶುರುವಿನಲ್ಲಿ ನಿರ್ದೇಶಕನಾದಮೇಲೂ ಅದೇ ಮೀನುಗಾರ, ಅದೇ ಹುಡುಗಿ, ಅದೇ ಸಿಟ್ಟಿಗೆದ್ದ ಊರು. ‘ಮಕ್ಲೋವಿಯಾ’ (1948) ಅಂತೂ ನೇರವಾಗಿ ‘ಜಾನಿತ್ಸಿಯೋ’ದ ಮರುನಿರ್ಮಾಣ. ತಾನು ನಿಂತ ಜಾಗದಲ್ಲಿ ಪೆದ್ರೋ ಅರ್ಮೆಂದಾರಿಸ್‌ನನ್ನು ನಿಲ್ಲಿಸಿ, ತಾನು ಕ್ಯಾಮೆರಾ ಹಿಂದೆ ಹೋದ, ಅಷ್ಟೇ.

ನಿನ್ನೆ ನೋಡಿದ್ದೂ ಅದೇ ಜಾತಿಯದು. ಮೆಕ್ಸಿಕೋ ನಗರದ ಪಕ್ಕದ ಸೋಚಿಮಿಲ್ಕೋ, ಕಾಲುವೆ, ದೋಣಿ, ಹೂವು. ಮದುವೆ ಖರ್ಚಿಗೆಂದು ಪ್ರೇಮಿಗಳು ಒಂದು ಹಂದಿಮರಿ ಸಾಕಿರುತ್ತಾರೆ. ಸಾಲ ಕೊಟ್ಟ ಅಂಗಡಿಯವನು ಅದನ್ನು ಕೊಂದುಹಾಕುತ್ತಾನೆ. ಮರಿಯಾಗೆ ಮಲೇರಿಯಾ ಬಂದಾಗ ಸರ್ಕಾರ ಹಂಚಲು ಕಳಿಸಿದ ಕ್ವಿನೈನನ್ನೂ ಅವನು ಕೊಡಲ್ಲ. ಅವಳ ಪ್ರೇಮಿ ಲೊರೆಂಸೋ ಅಂಗಡಿಗೆ ನುಗ್ಗಿ ಔಷಧಿ ಎತ್ತಿಕೊಳ್ಳುತ್ತಾನೆ. ಹೊರಡುವ ಮೊದಲು ಅವಳಿಗೊಂದು ಮದುವೆ ಉಡುಪನ್ನೂ ಎತ್ತಿಕೊಳ್ಳುತ್ತಾನೆ! ಬರೀ ಔಷಧಿ ಕದ್ದಿದ್ದರೆ ಅವನೊಬ್ಬ ಸಿನಿಮಾ ಹೀರೋ ಆಗುತ್ತಿದ್ದ. ಆ ಉಡುಪಿನಿಂದಾಗಿ ಮನುಷ್ಯನಾದ. ಇಂಥದ್ದು ಹೊಳೆಯಬೇಕಾದರೆ ಆ ಪಾತ್ರವನ್ನು ಒಮ್ಮೆ ಒಳಗಿನಿಂದ ಮಾಡಿರಬೇಕು.

ಕಣ್ಣೀರು ಸ್ವಲ್ಪ ಅತಿಯಾಯಿತು, ನಿಜ. ಹಾಲಿವುಡ್‌ನಿಂದ ವಾಪಸಾದ ಡೊಲೊರೆಸ್ ದೆಲ್ ರಿಯೋ ಮರಿಯಾಳಾಗಿ ಬರಿಗಾಲಲ್ಲಿ ನಡೆದರೂ ಸ್ಟಾರ್ ಥರಾನೇ ಕಾಣುತ್ತಾಳೆ. ಆದರೆ ಗಾಬ್ರಿಯೆಲ್ ಫಿಗೆರೋವಾನ ಕ್ಯಾಮೆರಾ ಇದೆಯಲ್ಲ, ಅದರ ಮುಂದೆ ಈ ತಕರಾರೆಲ್ಲ ನಿಲ್ಲಲ್ಲ. ಕಪ್ಪು ಬಿಳುಪಿನಲ್ಲಿ ಮೋಡಗಳು ಅಷ್ಟು ಗಟ್ಟಿಯಾಗಿ ಕಾಣೋದನ್ನು ನಾನು ಬೇರೆಲ್ಲೂ ನೋಡಿಲ್ಲ. 1946ರ ಮೊದಲ ಕಾನ್ ಉತ್ಸವದಲ್ಲಿ ಅವನಿಗೆ ಛಾಯಾಗ್ರಹಣದ ಬಹುಮಾನ, ಚಿತ್ರಕ್ಕೆ ಉತ್ಸವದ ಅತಿ ದೊಡ್ಡ ಬಹುಮಾನವಾದ ಗ್ರಾಂ ಪ್ರೀ. ಆ ವರ್ಷ ಗ್ರಾಂ ಪ್ರೀಯನ್ನು 11 ಚಿತ್ರಗಳು ಹಂಚಿಕೊಂಡವು. ಅದರಲ್ಲಿ ನಮ್ಮ ಚೇತನ್ ಆನಂದರ ‘ನೀಚಾ ನಗರ್’ ಕೂಡ ಒಂದು.

ಅದೇ ವರ್ಷ ಫೆರ್ನಾಂಡೆಸ್‌ನ ‘ಎನಮೊರಾದಾ’. ಮರಿಯಾ ಫೆಲಿಕ್ಸ್ ಇಡೀ ಸಿನಿಮಾ ಕ್ರಾಂತಿಯ ಜನರಲ್‌ಗೆ ಬೆವರಿಳಿಸಿ, ಕೊನೆಗೆ ಅವನ ಕುದುರೆ ಪಕ್ಕ ನಡೆದು ಹೊರಟುಬಿಡುತ್ತಾಳೆ. ದೃಶ್ಯ ಅದ್ಭುತ, ತೀರ್ಮಾನ ಮಾತ್ರ ನನಗೆ ಇವತ್ತಿಗೂ ಗಂಟಲಲ್ಲಿ ಇಳಿದಿಲ್ಲ.

1950ರ ದಶಕದಲ್ಲಿ ಕಾಲ ಬದಲಾಯಿತು, ಅವನು ಬದಲಾಗಲಿಲ್ಲ. ಅವೇ ಮೋಡ, ಅದೇ ಗಾಂಭೀರ್ಯ. ನಿರ್ದೇಶನದ ಅವಕಾಶಗಳು ಕಡಿಮೆಯಾದಾಗ ಮತ್ತೆ ನಟನೆಗೇ ಇಳಿದ. ಇಲ್ಲೊಂದು ಸಂಗತಿ ನನಗೆ ತುಂಬ ಇಷ್ಟ. ‘ದಿ ವೈಲ್ಡ್ ಬಂಚ್’ ಶುರುವಾಗೋದೇ ಮಕ್ಕಳು ಚೇಳುಗಳನ್ನು ಕೆಂಪು ಇರುವೆಗಳ ಮಧ್ಯೆ ಬಿಟ್ಟು ನಗುವ ದೃಶ್ಯದಿಂದ. ಚಿಕ್ಕಂದಿನಲ್ಲಿ ಹೀಗೆ ಆಡುತ್ತಿದ್ದೆವು ಅಂತ ಪೆಕಿನ್‌ಪಾಗೆ ಹೇಳಿದ್ದು ಫೆರ್ನಾಂಡೆಸ್. ಶೂಟಿಂಗ್ ನಡೆದ ಪಾರಾಸ್ ಕೂಡ ಅವನು ಹುಟ್ಟಿದ ಕೊವಾವಿಲಾದಲ್ಲೇ. ಸಂಬಳ ನಟನಿಗೆ ಮಾತ್ರ ಸಂದಿತು, ಕೆಲಸ ಮಾತ್ರ ಒಳಗಿದ್ದ ನಿರ್ದೇಶಕನೂ ಮಾಡಿದ.

ತೆರೆಯ ಮೇಲಿನ ಬಂದೂಕು ಬದುಕಲ್ಲೂ ಇತ್ತು. 1976ರಲ್ಲಿ ಒಬ್ಬ ರೈತನನ್ನು ಗುಂಡು ಹೊಡೆದು ಕೊಂದು ಜೈಲಿಗೂ ಹೋದ. ‘ಕಲಾವಿದರು ಹಾಗೇ ಬಿಡಿ’ ಅಂತ ಇದನ್ನು ತೇಲಿಸಿ ಬರೆಯುವವರನ್ನು ಕಂಡರೆ ನನಗೆ ಕಿರಿಕಿರಿ. ತೆರೆಯ ಮೇಲೆ ಹಳ್ಳಿಯ ಬಡವನನ್ನು ಅಷ್ಟು ಎತ್ತರದಲ್ಲಿ ನಿಲ್ಲಿಸಿದವನ ಕೈಯಲ್ಲೇ ಸತ್ತದ್ದು ಅಂಥದ್ದೇ ಒಬ್ಬ ಮನುಷ್ಯ.

ಶನಿವಾರ ಅವನದೇ ‘ವಿಕ್ತಿಮಾಸ್ ದೆಲ್ ಪೆಕಾದೋ’ (1951) ನೋಡುವ ಯೋಚನೆಯಿದೆ. ಅದರಲ್ಲಿ ಹಳ್ಳಿಯಿಲ್ಲ, ದೋಣಿಯಿಲ್ಲ. ನಗರದ ಕ್ಯಾಬರೆ, ಕಸದ ಡಬ್ಬಿಯಲ್ಲಿ ಬಿಸಾಕಿದ ಮಗು, ಅದನ್ನು ಎತ್ತಿಕೊಳ್ಳುವ ಡ್ಯಾನ್ಸರ್ ಆಗಿ ಕ್ಯೂಬಾದ ನಿನೋನ್ ಸೆವಿಯಾ. ಯಾರಾದರೂ ಜೊತೆಗೆ ಬರೋದಾದರೆ ಮೆಸೇಜ್ ಹಾಕಿ.