ಎಕ್ಸ್‌ರೇ ಯಂತ್ರದ ಊರು ಎರ್ಲಾಂಗೆನ್

ಈ ಪ್ರವಾಸವನ್ನು ಜರ್ಮನಿಯ ವ್ಯೂರ್ಟ್ಸ್‌ಬರ್ಗ್‌ನಿಂದ ಶುರುಮಾಡುವುದೇ ಸರಿ. ರೈಲು ನಿಲ್ದಾಣದಿಂದ ಹತ್ತು ನಿಮಿಷ ನಡೆದರೆ ರಾಂಟ್‌ಜೆನ್‌ರಿಂಗ್ ರಸ್ತೆಯ 8ನೇ ನಂಬರಿನ ಕಟ್ಟಡ. 1895ರ ನವೆಂಬರ್ 8ರಂದು ವಿಲ್ಹೆಲ್ಮ್ ಕಾನ್ರಾಡ್ ರಾಂಟ್‌ಜೆನ್ ಎಕ್ಸ್ ಕಿರಣಗಳನ್ನು ಕಂಡದ್ದು ಇಲ್ಲಿ. ಆ ಪ್ರಯೋಗಾಲಯ ಈಗ ಸ್ಮಾರಕ. ರಾಂಟ್‌ಜೆನ್ ಪೇಟೆಂಟ್ ತೆಗೆದುಕೊಳ್ಳಲಿಲ್ಲ, ಹಾಗಾಗಿ ಕೈಯಲ್ಲಿ ಕಸುಬಿದ್ದವರೆಲ್ಲ ಉಪಕರಣ ಮಾಡಿ ಮಾರಬಹುದಾಗಿತ್ತು. ಹಾಗೆ ಮುಂದೆ ಬಂದವರಲ್ಲಿ ಮೊದಲ ಸಾಲಿನವರನ್ನು ನೋಡಬೇಕಾದರೆ ನ್ಯೂರೆಂಬರ್ಗ್‌ಗೆ ರೈಲು ಹತ್ತಿ, ಅಲ್ಲಿ ಇಳಿದು ಬಾಂಬರ್ಗ್ ಕಡೆಗೆ ಹೋಗುವ ಎಸ್1 ಲೋಕಲ್ ರೈಲು ಹಿಡಿಯಬೇಕು. ಎರ್ಲಾಂಗೆನ್ ಬೇಗನೆ ಬಂದುಬಿಡುತ್ತದೆ.

ನಿಲ್ದಾಣದಿಂದ ಐದೇ ನಿಮಿಷದ ನಡಿಗೆಯಲ್ಲಿ ಶ್ಲೋಸ್‌ಪ್ಲಾಟ್ಸ್ ಚೌಕ. ಚೌಕದ ಪಕ್ಕದ ಅರಮನೆ ಈಗ ವಿಶ್ವವಿದ್ಯಾಲಯದ್ದು. ಎರ್ವಿನ್ ಮೋರಿಟ್ಸ್ ರೈನಿಗರ್ 1877ರಲ್ಲಿ ಇದೇ ಚೌಕದ 3ನೇ ನಂಬರಿನ ಮನೆಯಲ್ಲಿ ತನ್ನ ಕಾರ್ಯಾಗಾರ ತೆರೆದ. ಜಾಗ ಯಾಕೆ ಮುಖ್ಯ ಎಂಬುದು ಅಲ್ಲಿ ನಿಂತರೆ ತಾನಾಗಿ ತಿಳಿಯುತ್ತದೆ. ಪ್ರಾಧ್ಯಾಪಕರು, ವೈದ್ಯರು ಕೆಟ್ಟ ಉಪಕರಣವನ್ನು ಕೈಯಲ್ಲೇ ಹಿಡಿದು ತರುವಷ್ಟು ಹತ್ತಿರ. ಆ ಕಾಲದಲ್ಲಿ ನರ, ಸ್ನಾಯುಗಳ ತಪಾಸಣೆಗೆ ವಿದ್ಯುತ್ ಪ್ರವಾಹ ಕೊಡುವ ಪೆಟ್ಟಿಗೆಗಳು ಬಳಕೆಯಲ್ಲಿದ್ದವು. ಅವುಗಳ ಒಳಗೆ ಸತು ಮತ್ತು ಇಂಗಾಲದ ಫಲಕಗಳು, ಅವು ಅದ್ದುವ ಆಮ್ಲ. ಕೆಲಸ ಮುಗಿದ ಮೇಲೆ ಸತುವನ್ನು ಆಮ್ಲದಿಂದ ಮೇಲೆತ್ತಿಡಲು ಮರೆತರೆ ಅದು ಸವೆದು ಹೋಗುತ್ತಿತ್ತು. ಹಾಗಾಗಿ ರಿಪೇರಿ ಎಂದೂ ನಿಲ್ಲುತ್ತಿರಲಿಲ್ಲ. 1886ರಲ್ಲಿ ಮ್ಯಾಕ್ಸ್ ಗೆಬರ್ಟ್ ಮತ್ತು ಕಾರ್ಲ್ ಶಾಲ್ ಜೊತೆಗೂಡಿದರು. ಕಂಪನಿ ರೈನಿಗರ್, ಗೆಬರ್ಟ್ ಅಂಡ್ ಶಾಲ್ ಆಯಿತು. ಶಾಲ್ 1888ರಲ್ಲಿ, ರೈನಿಗರ್ 1895ರಲ್ಲಿ ಹೊರನಡೆದರು. ರಾಂಟ್‌ಜೆನ್ ಸುದ್ದಿ ಬರುವ ಹೊತ್ತಿಗೆ ಹೊಣೆಯೆಲ್ಲ ಗೆಬರ್ಟ್ ಹೆಗಲ ಮೇಲಿತ್ತು. ಅವನು ಎಂಜಿನಿಯರ್ ರಾಬರ್ಟ್ ಫಿಶರ್‌ನನ್ನು ವ್ಯೂರ್ಟ್ಸ್‌ಬರ್ಗ್‌ಗೆ ಓಡಿಸಿದ. 1896ರಲ್ಲೇ ಕಂಪನಿ ಎಕ್ಸ್‌ರೇ ಉಪಕರಣ ತಯಾರಿಸತೊಡಗಿತು.

ಚೌಕದಿಂದ ದಕ್ಷಿಣಕ್ಕೆ ಕಾಲು ಗಂಟೆ ನಡೆದರೆ ಗೆಬರ್ಟ್‌ಸ್ಟ್ರಾಸೆ. ರಸ್ತೆಗೆ ಅವನದೇ ಹೆಸರು. ಅದರ 1ನೇ ನಂಬರಿನ ಹಳೆಯ ಕಾರ್ಖಾನೆಯಲ್ಲಿ 2014ರಿಂದ ವೈದ್ಯಕೀಯ ಯಂತ್ರಗಳ ಕಂಪನಿ ಸೀಮೆನ್ಸ್ ಹೆಲ್ತಿನಿಯರ್ಸ್‌ನ ಮೆಡ್‌ಮ್ಯೂಸಿಯಂ ಇದೆ. ಹೋಗುವ ಮೊದಲು ತೆರೆದಿರುವ ದಿನ, ವೇಳೆ ನೋಡಿಕೊಳ್ಳಿ. ಒಳಗೆ ಮೊದಲು ನೋಡಬೇಕಾದ್ದು ದೊಡ್ಡ ಯಂತ್ರಗಳನ್ನಲ್ಲ, ಗಾಜಿನ ಕೊಳವೆಗಳನ್ನು.

ಹಳೆಯ ಅಯಾನು ಕೊಳವೆಯ ಮುಂದೆ ಸ್ವಲ್ಪ ಹೊತ್ತು ನಿಲ್ಲಿ. ಗೋಳಾಕಾರದ ಬುರುಡೆ. ಒಂದು ತುದಿಯಲ್ಲಿ ಒಳಬಾಗಿದ ಅಲ್ಯೂಮಿನಿಯಂ ಬಟ್ಟಲಿನಂಥ ಕ್ಯಾಥೋಡ್ (ಎಲೆಕ್ಟ್ರಾನು ಹೊರಡುವ ತುದಿ), ಅದಕ್ಕೆದುರಾಗಿ 45 ಡಿಗ್ರಿ ವಾಲಿದ ಪ್ಲಾಟಿನಂ ಫಲಕ. ಎಲೆಕ್ಟ್ರಾನುಗಳು ಆ ಫಲಕಕ್ಕೆ ಬಡಿದಾಗ ಎಕ್ಸ್ ಕಿರಣ ಹುಟ್ಟುತ್ತದೆ. ಕೊಳವೆ ಉರಿಯುವಾಗ ಫಲಕದ ಮುಂದಿನ ಅರ್ಧ ಗಾಜು ಮಾತ್ರ ಹಸಿರಾಗಿ ಹೊಳೆಯುತ್ತಿತ್ತು, ಹಿಂದಿನ ಅರ್ಧ ಕತ್ತಲು. ಕೊಳವೆ ಸರಿಯಾಗಿ ಜೋಡಿಸಿದೆಯೇ ಎಂದು ಕೆಲಸಗಾರರು ಆ ಗಡಿಯನ್ನು ನೋಡಿಯೇ ಹೇಳುತ್ತಿದ್ದರು. ಗಾಜಿನಲ್ಲಿ ಮ್ಯಾಂಗನೀಸ್ ಇದ್ದರೆ ಬಹಳ ದಿನದ ಬಳಕೆಯಲ್ಲಿ ಅದು ನೇರಳೆ ಬಣ್ಣಕ್ಕೆ ತಿರುಗುತ್ತದೆ. ನೇರಳೆ ಛಾಯೆಯ ಕೊಳವೆ ಕಂಡರೆ ಅದು ಆಸ್ಪತ್ರೆಯಲ್ಲಿ ದುಡಿದು ಬಂದದ್ದು ಎಂದು ತಿಳಿಯಿರಿ.

ಈ ಕೊಳವೆಯ ದೊಡ್ಡ ತೊಂದರೆ ಅದರೊಳಗೆ ಉಳಿದ ಚೂರು ಅನಿಲ. ಎಲೆಕ್ಟ್ರಾನು ಹೊರಡಿಸಲು ಆ ಅನಿಲ ಬೇಕೇ ಬೇಕು. ಆದರೆ ಬಳಸಿದಷ್ಟೂ ಗಾಜು ಮತ್ತು ಲೋಹ ಅದನ್ನು ಹೀರಿಕೊಳ್ಳುತ್ತವೆ. ಆಗ ಕೊಳವೆ ‘ಗಟ್ಟಿ’ಯಾಗುತ್ತದೆ: ಹೆಚ್ಚು ವೋಲ್ಟೇಜ್ ಬೇಕು, ಕಿರಣ ಎಲುಬನ್ನೂ ಮಾಂಸವನ್ನೂ ಒಂದೇ ಸಮ ಹಾಯ್ದು ಚಿತ್ರ ಪೇಲವವಾಗುತ್ತದೆ. ಅನಿಲ ಹೆಚ್ಚಾದರೆ ‘ಮೃದು’: ಕೈಯ ಎಲುಬು ಚೆನ್ನಾಗಿ ಕಾಣುತ್ತದೆ, ಸೊಂಟ ಹಾಯಲು ಶಕ್ತಿ ಸಾಲದು. ಹಾಗಾಗಿ ಬುರುಡೆಗೆ ಪಕ್ಕದಲ್ಲೊಂದು ತೆಳು ಪೆಲೇಡಿಯಂ ನಳಿಕೆ ಬೆಸೆಯುತ್ತಿದ್ದರು. ಸ್ಪಿರಿಟ್ ದೀಪದಿಂದ ಅದನ್ನು ಕಾಯಿಸಿದರೆ ಜ್ವಾಲೆಯ ಹೈಡ್ರೋಜನ್ ಒಳಕ್ಕೆ ಇಳಿದು ಕೊಳವೆ ಮತ್ತೆ ಮೃದುವಾಗುತ್ತಿತ್ತು.

ಹದ ನೋಡಲು ಆಗಿನವರು ಮಾಡುತ್ತಿದ್ದುದು ಕಿರಣ ಬಿದ್ದರೆ ಹೊಳೆಯುವ ಪರದೆಯ ಮುಂದೆ ತಮ್ಮದೇ ಕೈಯನ್ನು ಒಡ್ಡುವುದು. ದಿನಕ್ಕೆ ಹಲವು ಸಲ, ವರ್ಷಗಟ್ಟಲೆ. ಎಷ್ಟೋ ಮಂದಿ ಬೆರಳು ಕಳೆದುಕೊಂಡರು, ಜೀವವನ್ನೂ ಕಳೆದುಕೊಂಡರು. ಹ್ಯಾಂಬರ್ಗ್‌ನ ಸೇಂಟ್ ಜಾರ್ಜ್ ಆಸ್ಪತ್ರೆಯಲ್ಲಿ 1936ರಲ್ಲಿ ನಿಲ್ಲಿಸಿದ ಸ್ಮಾರಕದಲ್ಲಿ ಮೊದಲಿಗೇ ಅಂಥವರ 169 ಹೆಸರುಗಳಿದ್ದವು. ಉತ್ತರಕ್ಕೆ ಹೋಗುವವರು ಅದನ್ನು ನೋಡದೆ ಬರಬಾರದು.

1913ರಲ್ಲಿ ಅಮೆರಿಕದ ವಿಲಿಯಂ ಕೂಲಿಡ್ಜ್ ಕಾದ ಟಂಗ್‌ಸ್ಟನ್ ತಂತಿಯ ಕೊಳವೆ ಮಾಡಿದ ಮೇಲೆ ಅನಿಲದ ಕಾಟ ತಪ್ಪಿತು. ಉಳಿದದ್ದು ಶಾಖ. ಬಡಿದ ಶಕ್ತಿಯಲ್ಲಿ ಕಿರಣವಾಗುವುದು ಸುಮಾರು 1 ಪಾಲು, ಮಿಕ್ಕ 99 ಪಾಲು ಬಿಸಿ. ಒಂದೇ ಚುಕ್ಕೆಯ ಮೇಲೆ ಅಷ್ಟೂ ಬಿದ್ದರೆ ಲೋಹ ಕರಗಿ ಗುಂಡಿ ಬೀಳುತ್ತದೆ. ಎಲೆಕ್ಟ್ರಾನು ಬಡಿಯುವ ಲೋಹವನ್ನೇ, ಅಂದರೆ ಆ್ಯನೋಡನ್ನೇ, ತಟ್ಟೆಯಂತೆ ತಿರುಗಿಸಿದರೆ ಬಿಸಿ ಒಂದು ವರ್ತುಲದ ಉದ್ದಕ್ಕೂ ಹಂಚಿಹೋಗುತ್ತದೆ. 1933ರಲ್ಲಿ ಬಂದ ಪಾಂಟಿಕ್ಸ್ ಕೊಳವೆ ಇದೇ ತತ್ತ್ವದ್ದು. ಇಂದಿನ ಸಿಟಿ ಸ್ಕ್ಯಾನರಿನ ಕೊಳವೆಯೂ ಅದರ ವಂಶವೇ.

ಅಷ್ಟರಲ್ಲಿ ಒಡೆತನ ಬದಲಾಗಿತ್ತು. ಮೊದಲ ಮಹಾಯುದ್ಧದ ನಂತರ ಕಂಪನಿ ಹಣದ ಮುಗ್ಗಟ್ಟಿಗೆ ಸಿಕ್ಕಿ, 1925ರಲ್ಲಿ ಹಳೆಯ ಪ್ರತಿಸ್ಪರ್ಧಿ, ಬರ್ಲಿನ್‌ನ ಸೀಮೆನ್ಸ್ ಅಂಡ್ ಹಾಲ್‌ಸ್ಕೆಯ ಕೈಸೇರಿತು. 1932ರಲ್ಲಿ ಸೀಮೆನ್ಸ್-ರೈನಿಗರ್ ಎಂಬ ಹೆಸರು ಬಂತು. ಬರ್ಲಿನ್‌ನವರು ಕೊಂಡರೂ ಕೆಲಸ ಎರ್ಲಾಂಗೆನ್‌ನಲ್ಲೇ ಬೇರುಬಿಟ್ಟಿತು. ಎರಡನೇ ಮಹಾಯುದ್ಧದ ನಂತರ ಸೀಮೆನ್ಸ್ ಕಟ್ಟಿದ ಕೆಂಪು ಕಚೇರಿ ಇಲ್ಲಿಂದ ದೂರವಿಲ್ಲ. ಊರಿನವರ ಬಾಯಲ್ಲಿ ಅದು ‘ಹಿಂಬೇರ್‌ಪಲಾಸ್ಟ್’, ಅಂದರೆ ರಾಸ್ಪ್‌ಬೆರಿ ಅರಮನೆ.

ಕಾಂತಕ್ಷೇತ್ರದಿಂದ ದೇಹದೊಳಗಿನ ಚಿತ್ರ ತೆಗೆಯುವ ಎಂಆರ್‌ಐ ವಿಭಾಗದಲ್ಲಿ ನೆನಪಿಡಬೇಕಾದ ಸಂಗತಿ ಒಂದು ಮರದ ಮನೆ. 1970ರ ದಶಕದ ಕೊನೆಯಲ್ಲಿ ಇಲ್ಲಿನ ಎಂಜಿನಿಯರುಗಳು ಮೊದಲ ಪ್ರಯೋಗಗಳನ್ನು ಮರದಲ್ಲಿ ಕಟ್ಟಿದ ಪ್ರಯೋಗಾಲಯದಲ್ಲಿ ನಡೆಸಿದರು. ಗೋಡೆಯಲ್ಲಿ ಕಬ್ಬಿಣವಿದ್ದರೆ ಕಾಂತಕ್ಷೇತ್ರ ಡೊಂಕಾಗಿ ಚಿತ್ರವೂ ಡೊಂಕಾಗುತ್ತದೆ. ಮೊದಮೊದಲು ಅದರಲ್ಲಿಟ್ಟು ಚಿತ್ರ ತೆಗೆದದ್ದು ಒಂದು ದೊಣ್ಣೆ ಮೆಣಸಿನಕಾಯಿಯನ್ನು. ಎಂಆರ್‌ಐ ಹಿಡಿಯುವುದು ಮುಖ್ಯವಾಗಿ ನೀರಿನ ಹೈಡ್ರೋಜನ್ ಸಂಕೇತವನ್ನು. ಮೆಣಸಿನಕಾಯಿಯಲ್ಲಿ ನೀರು ತುಂಬಿದ ಗೋಡೆ, ಟೊಳ್ಳು ಹೊಟ್ಟೆ, ಬೀಜದ ಗೊಂಚಲು ಎಲ್ಲವೂ ಉಂಟು, ಅದೂ ಅಲುಗಾಡದೆ ಕೂರುತ್ತದೆ. 1983ರಲ್ಲಿ ಸೀಮೆನ್ಸ್‌ನ ಎಂಆರ್‌ಐ ಯಂತ್ರವಾದ ಮೊದಲ ಮ್ಯಾಗ್ನೆಟಾಮ್ ಅಮೆರಿಕದ ಸೇಂಟ್ ಲೂಯಿಸ್‌ನ ಮ್ಯಾಲಿಂಕ್ರಾಟ್ ಸಂಸ್ಥೆಗೆ ಹೋಯಿತು.

ಹೊತ್ತಿದ್ದರೆ ಅದೇ ಎಸ್1ನಲ್ಲಿ ಉತ್ತರಕ್ಕೆ ಫೋರ್ಖ್‌ಹೈಮ್‌ವರೆಗೆ ಹೋಗಿಬನ್ನಿ. ಸಿಟಿ ಸ್ಕ್ಯಾನರುಗಳ ಕಾರ್ಖಾನೆ ಈಗ ಆ ಊರಿನಲ್ಲಿದೆ.